ಟೆಂಟಿಗೆ ಬಂದ ಸಿಐಡಿ 999: ಇಟಲಿಯವರು ಹುಡುಕಿ ತೆಗೆದರು, ನಾವು ಬಿಟ್ಟುಬಿಟ್ಟೆವು

ಈ ಸಲದ ಮಾತು ಸಿನಿಮಾ ಬಗ್ಗೆ. ಆದ್ರೆ ಪ್ರಶಸ್ತಿ ತಗೊಂಡ ಸಿನಿಮಾ ಅಲ್ಲ. ನಿಮ್ಮ ಅಜ್ಜ ನೆಲದ ಟಿಕೆಟ್ ತಗೊಂಡು, ಮರಳು ಗುಡ್ಡೆ ಮಾಡ್ಕೊಂಡು, ಅದರ ಮೇಲೆ ಕೂತು ಶಿಳ್ಳೆ ಹೊಡೆದು ನೋಡಿದ ಸಿನಿಮಾ. ಪುಸ್ತಕಗಳಲ್ಲಿ ಅದಕ್ಕೆ ಒಂದು ಸಾಲು ಸಿಕ್ಕಿದ್ರೆ ಹೆಚ್ಚು.

ಇದು ಶುರುವಾಗಿದ್ದು ಇಟಲಿಯಿಂದ. 2012ರಲ್ಲಿ ಮೈಕ್ ಮಲಾಯ್ ಅನ್ನೋ ಅಮೆರಿಕದವರು ‘ಯೂರೋಕ್ರೈಮ್’ ಅಂತ ಒಂದು ಸಾಕ್ಷ್ಯಚಿತ್ರ ಮಾಡಿದ್ರು. 1970ರ ದಶಕದಲ್ಲಿ ಇಟಲಿಯಲ್ಲಿ ರಾಶಿ ರಾಶಿಯಾಗಿ ಬಂದ ಪೊಲೀಸ್–ಗ್ಯಾಂಗ್‌ಸ್ಟರ್ ಚಿತ್ರಗಳ ಕಥೆ ಅದು. ವಿಮರ್ಶಕರು ಅವನ್ನ ಕಸ ಅಂತ ಪಕ್ಕಕ್ಕಿಟ್ಟಿದ್ರು. ಮಲಾಯ್ ಮಾಡಿದ್ದು ಬಹಳ ಸರಳವಾದ ಕೆಲಸ. ಆ ಚಿತ್ರಗಳಲ್ಲಿ ನಟಿಸಿದ್ದ ಫ್ರಾಂಕೊ ನೀರೋ, ಹೆನ್ರಿ ಸಿಲ್ವಾ, ಜಾನ್ ಸ್ಯಾಕ್ಸನ್ ಥರದ ವಯಸ್ಸಾದ ನಟರನ್ನ ಕ್ಯಾಮೆರಾ ಮುಂದೆ ಕೂರಿಸಿ, ‘ಅವತ್ತು ಏನಾಯ್ತು ಹೇಳಿ’ ಅಂದ್ರು. ಅಷ್ಟೇ. ಸ್ಯಾಕ್ಸನ್ 2020ರಲ್ಲಿ ಹೋದ್ರು, ಸಿಲ್ವಾ 2022ರಲ್ಲಿ. ಹತ್ತು ವರ್ಷ ತಡ ಮಾಡಿದ್ದಿದ್ರೆ ಈ ಇಬ್ಬರ ಮಾತೂ ಆ ಚಿತ್ರದಲ್ಲಿ ಇರ್ತಿರಲಿಲ್ಲ.

ಇಟಲಿಯ ಸಿನಿಮಾ ಅಂದ್ರೆ ಫಿಲ್ಮ್ ಸೊಸೈಟಿಯವರು ‘ಬೈಸಿಕಲ್ ಥೀವ್ಸ್’ ಅಂತಾರೆ, ಫೆಲಿನಿ ಅಂತಾರೆ, ಅಂಟೋನಿಯೋನಿ ಅಂತಾರೆ. ತಪ್ಪಿಲ್ಲ. ಆದ್ರೆ ಅದೇ ದೇಶದ ಊರೂರಿನ ಥಿಯೇಟರುಗಳು ನಡೀತಾ ಇದ್ದಿದ್ದು ಬೇರೆ ಸಿನಿಮಾಗಳ ಮೇಲೆ. ಒಂದು ಚಿತ್ರ ಗೆದ್ರೆ ಅದೇ ಜಾಡಲ್ಲಿ ಐವತ್ತು ಚಿತ್ರ. ಇಂಥ ಜಾಡಿಗೆ ಅಲ್ಲಿ ‘ಫಿಲೋನೆ’ ಅಂತಾರೆ. ಗಣಿಯಲ್ಲಿ ಅದಿರಿನ ಎಳೆ ಸಿಕ್ಕಿದ ಹಾಗೆ, ಮುಗಿಯೋ ತನಕ ತೋಡೋದು. 1964ರಲ್ಲಿ ಸೆರ್ಜಿಯೋ ಲಿಯೋನೆ ‘ಎ ಫಿಸ್ಟ್‌ಫುಲ್ ಆಫ್ ಡಾಲರ್ಸ್’ ಮಾಡಿದಾಗ, ಇಟಲಿಯವನು ಕೌಬಾಯ್ ಸಿನಿಮಾ ಮಾಡಿದ್ರೆ ಯಾರು ನೋಡ್ತಾರೆ ಅಂತ ತನ್ನ ಹೆಸರನ್ನ ‘ಬಾಬ್ ರಾಬರ್ಟ್‌ಸನ್’ ಅಂತ ಹಾಕ್ಕೊಂಡಿದ್ರು. ಕಥೆ ಜಪಾನಿನ ಕುರೊಸಾವಾ ಅವರ ‘ಯೊಜಿಂಬೊ’ದಿಂದ ಎತ್ತಿದ್ದು. ಕೇಸ್ ಕೂಡ ಆಯ್ತು.

ಬಾಂಡ್ ವಿಷಯದಲ್ಲಂತೂ ಇವರು ಇನ್ನೂ ಧೈರ್ಯವಂತರು. ‘ಏಜೆಂಟ್ 077’ ಅಂತ ಒಂದು ಸರಣಿನೇ ಮಾಡಿದ್ರು. ನಂಬರ್ ಗಮನಿಸಿ: ಸೊನ್ನೆ ಒಂದು ಕಮ್ಮಿ, ಏಳು ಒಂದು ಜಾಸ್ತಿ. 1967ರಲ್ಲಿ ‘ಓಕೆ ಕಾನರಿ’ ಅಂತ ಇನ್ನೊಂದು ಬಂತು. ಶಾನ್ ಕಾನರಿ ಸಿಗಲ್ಲ ಅಲ್ವಾ, ಅದಕ್ಕೆ ಎಡಿನ್‌ಬರೋದಲ್ಲಿ ಗೋಡೆಗೆ ಗಾರೆ ಬಳೀತಿದ್ದ ಅವರ ತಮ್ಮ ನೀಲ್ ಕಾನರಿಯನ್ನೇ ಕರ್ಕೊಂಡು ಬಂದು ಹೀರೋ ಮಾಡಿಬಿಟ್ರು! ಅಸಲಿ ಬಾಂಡ್ ಚಿತ್ರಗಳಲ್ಲಿ ‘ಎಂ’ ಮತ್ತು ಮನಿಪೆನ್ನಿ ಪಾತ್ರ ಮಾಡ್ತಿದ್ದ ನಟನಟಿಯರನ್ನೂ ಹಾಕ್ಕೊಂಡ್ರು. ಸಂಗೀತ ಮಾಡಿದವರಲ್ಲಿ ಒಬ್ಬರು ಎನ್ನಿಯೋ ಮೊರಿಕೋನೆ.

ಇದನ್ನ ಓದಿ ನಗ್ತಾ ಇದ್ದಾಗ ತಲೇಲಿ ಒಂದು ಗಂಟೆ ಹೊಡೀತು. 1967ರ ಮರುವರ್ಷ 1968. ನಮ್ಮಲ್ಲಿ ‘ಜೇಡರ ಬಲೆ’ ಬಂದ ವರ್ಷ.

ದೊರೈ–ಭಗವಾನ್ ಜೋಡಿಯ ನಿರ್ದೇಶನ, ಜಿ.ಕೆ. ವೆಂಕಟೇಶ್ ಸಂಗೀತ, ಜಯಂತಿ ನಾಯಕಿ. ಸಾಮಾನ್ಯ ಲೋಹವನ್ನ ಚಿನ್ನ ಮಾಡೋ ಸೂತ್ರದ ಹಿಂದೆ ಬಿದ್ದ ಖದೀಮರು, ಅವರ ಹಿಂದೆ ಬಿದ್ದ ಸಿಐಡಿ 999 ಪ್ರಕಾಶ್, ಅಂದ್ರೆ ರಾಜ್‌ಕುಮಾರ್. ಹಿಂದಿನ ವರ್ಷ ತಾನೇ ‘ಇಮ್ಮಡಿ ಪುಲಿಕೇಶಿ’ಯಾಗಿ ಕಿರೀಟ ತೊಟ್ಟಿದ್ದವರು, ಅದೇ 1968ರಲ್ಲಿ ‘ಮಣ್ಣಿನ ಮಗ’ ಮಾಡಿದವರು, ಇಲ್ಲಿ ಸೂಟು ಹಾಕಿ ಪಿಸ್ತೂಲು ಹಿಡಿದು ನಿಂತ್ರು. ಅದೇ ವರ್ಷ ‘ಗೋವಾದಲ್ಲಿ ಸಿಐಡಿ 999’, ಮರುವರ್ಷ ‘ಆಪರೇಷನ್ ಜಾಕ್‌ಪಾಟ್‌ನಲ್ಲಿ ಸಿಐಡಿ 999’. ಎರಡು ವರ್ಷದೊಳಗೆ ಮೂರು ಚಿತ್ರ. ಗೋವಾ ಚಿತ್ರದಿಂದ ಲಕ್ಷ್ಮಿ ಕನ್ನಡಕ್ಕೆ ಬಂದ್ರು. ಜಾಕ್‌ಪಾಟ್‌ನಲ್ಲಿ ರೇಖಾ ಮೊದಲ ಸಲ ನಾಯಕಿಯಾದ್ರು. ಹೌದು, ಆಮೇಲೆ ಬಾಂಬೆಗೆ ಹೋದ ಅದೇ ರೇಖಾ.

ಗೋವಾ ಯಾಕೆ ಅಂತ ಯೋಚಿಸಿದ್ದೀರಾ? ಪೋರ್ಚುಗೀಸರು ಅಲ್ಲಿಂದ ಹೋಗಿದ್ದು 1961ರ ಡಿಸೆಂಬರಲ್ಲಿ. ಏಳು ವರ್ಷದ ಹಿಂದಿನವರೆಗೂ ಅದು ನಿಜವಾಗ್ಲೂ ‘ಫಾರಿನ್’. ಬಾಂಡ್ ಜಮೈಕಾಗೆ ಹೋಗ್ತಾನೆ, ಇಸ್ತಾಂಬುಲ್‌ಗೆ ಹೋಗ್ತಾನೆ. ನಮ್ಮ ನಿರ್ಮಾಪಕರ ಜೇಬಿಗೆ ಎಟುಕೋ ಫಾರಿನ್ ಅಂದ್ರೆ ಗೋವಾ. ಬಜೆಟ್ ಕಮ್ಮಿ ಇದ್ದಾಗ ತಲೆ ಹೇಗೆ ಓಡುತ್ತೆ ಅನ್ನೋದಕ್ಕೆ ನನಗಿದು ಬಹಳ ಇಷ್ಟವಾದ ಉದಾಹರಣೆ.

ಈಗ ಒಂದು ಸಣ್ಣ ತಕರಾರು. ‘ಜೇಡರ ಬಲೆ’ ಭಾರತದ ಮೊದಲ ಬಾಂಡ್ ಶೈಲಿಯ ಚಿತ್ರ ಅಂತ ವಾಟ್ಸ್‌ಆ್ಯಪಲ್ಲಿ ಓಡಾಡೋ ಮೆಸೇಜ್ ನಿಮಗೂ ಬಂದಿರುತ್ತೆ. ಕನ್ನಡದ ಮೊದಲನೆಯದು ಅನ್ನಿ, ಸರಿ. ಆದ್ರೆ 1966ರಲ್ಲೇ ತೆಲುಗಲ್ಲಿ ಕೃಷ್ಣ ನಟಿಸಿದ ‘ಗೂಢಚಾರಿ 116’ ಬಂದಿತ್ತು. ಓಎಸ್‌ಎಸ್ 117 ಅನ್ನೋ ಫ್ರೆಂಚ್ ಏಜೆಂಟನ ಚಿತ್ರದಿಂದ ಪ್ರೇರಣೆ ಪಡೆದಿದ್ದು ಅದು. 1967ರಲ್ಲಿ ಅದೇ ಹಿಂದಿಯಲ್ಲಿ ‘ಫರ್ಜ್’ ಆಯ್ತು. 1968ರಲ್ಲಿ ತಮಿಳಲ್ಲಿ ಎಂಜಿಆರ್ ನಟಿಸಿದ ‘ರಗಸಿಯ ಪೊಲೀಸ್ 115’. 117, 116, 115! ಲಿಫ್ಟಲ್ಲಿ ಕೆಳಗಿಳಿದ ಹಾಗಿದೆ.

‘ಗೂಢಚಾರಿ 116’ ಮತ್ತು ‘ಪೊಲೀಸ್ 115’ ಎರಡಕ್ಕೂ ನಾಯಕಿ ಯಾರು ಗೊತ್ತಾ? ಜಯಲಲಿತಾ. ಮುಂದೆ ತಮಿಳುನಾಡಿನ ಮುಖ್ಯಮಂತ್ರಿ ಆದವರು. ಅವರು ಹುಟ್ಟಿದ್ದು 1948ರಲ್ಲಿ, ಮೇಲುಕೋಟೆಯಲ್ಲಿ. ಅಂದ್ರೆ ಪಾಂಡವಪುರ ತಾಲ್ಲೂಕಿನಲ್ಲಿ. ಪಾಂಡವಪುರದ ಹಳೇ ಹೆಸರು ಫ್ರೆಂಚ್ ರಾಕ್ಸ್. ಹೈದರ್–ಟಿಪ್ಪು ಕಾಲದ ಫ್ರೆಂಚ್ ಸೈನಿಕರು ಬಿಟ್ಟು ಹೋದ ಹೆಸರು. ಫ್ರೆಂಚ್ ಗೂಢಚಾರನ ಕಥೆ ತೆಲುಗಿಗೆ ಬಂದಾಗ ನಾಯಕಿಯಾಗಿ ನಿಂತಿದ್ದು ಫ್ರೆಂಚ್ ರಾಕ್ಸ್ ಸೀಮೆಯ ಹುಡುಗಿ. ಇದನ್ನ ಸ್ಕ್ರಿಪ್ಟಲ್ಲಿ ಬರೆದ್ರೆ ‘ಸುಮ್ನಿರಪ್ಪ’ ಅಂತೀರಿ. ಕನ್ನಡದಲ್ಲಿ ಅವರನ್ನ ನಾಯಕಿ ಮಾಡಿದ್ದು ಬಿ.ಆರ್. ಪಂತುಲು, 1964ರ ‘ಚಿನ್ನದ ಗೊಂಬೆ’ಯಲ್ಲಿ. ‘ಪೊಲೀಸ್ 115’ರ ನಿರ್ದೇಶಕರೂ ಅದೇ ಪಂತುಲು.

ಹಾಗಾದ್ರೆ ಕನ್ನಡಕ್ಕೆ ತನ್ನದೇ 999 ಯಾಕೆ ಬೇಕಾಯ್ತು? ತೆಲುಗಿನ 116ಕ್ಕೆ ಕನ್ನಡದ ಮಾತು ಹಾಕಿ ಬಿಡಬಹುದಿತ್ತಲ್ಲ? ಬಿಡೋ ಹಾಗಿರಲಿಲ್ಲ. ಅರವತ್ತರ ದಶಕದಲ್ಲಿ ಅ.ನ.ಕೃ., ಮ. ರಾಮಮೂರ್ತಿ ಅಂಥವರ ಮುಂದಾಳುತನದಲ್ಲಿ ಕನ್ನಡ ಚಳವಳಿ ಜೋರಾಯ್ತು. ಚಿತ್ರರಂಗದವರೂ ಕೈ ಜೋಡಿಸಿದ್ರು. ಡಬ್ಬಿಂಗ್ ನಿಂತುಹೋಯ್ತು. ಕಾನೂನು ಅಂತ ಯಾರೂ ಮಾಡಲಿಲ್ಲ, ಆದ್ರೂ ದಶಕಗಟ್ಟಲೆ ನಡೆದುಕೊಂಡು ಬಂತು. 2015ರಲ್ಲಿ ಸ್ಪರ್ಧಾ ಆಯೋಗ ದಂಡ ಹಾಕೋ ತನಕ. ಇಟಲಿಯಲ್ಲಿ ಇದಕ್ಕೆ ತದ್ವಿರುದ್ಧ. ಮುಸೊಲಿನಿ ಕಾಲದಲ್ಲಿ ಪರಭಾಷೆಯ ಮಾತು ತೆರೆ ಮೇಲೆ ಕೇಳಿಸಬಾರದು ಅಂತ ಮಾಡಿದ ಮೇಲೆ ಅಲ್ಲಿ ಎಲ್ಲದಕ್ಕೂ ಡಬ್ಬಿಂಗ್. ತಮ್ಮ ಸ್ವಂತ ಸಿನಿಮಾಗೂ ಶೂಟಿಂಗ್ ಮುಗಿದ ಮೇಲೆ ಮಾತು ಸೇರಿಸೋರು. ಅವರು ಜಗತ್ತಿಗೆ ಮಾರೋಕೆ ನಕಲು ಮಾಡಿದ್ರು. ನಾವು ಮಂಡ್ಯಕ್ಕೆ, ಹಾಸನಕ್ಕೆ, ದಾವಣಗೆರೆಗೆ ಕನ್ನಡದಲ್ಲೇ ಬಾಂಡ್ ಬೇಕು ಅಂತ ನಕಲು ಮಾಡಿದ್ವಿ. ಡಬ್ಬಿಂಗ್ ಬೇಕಾ ಬೇಡ್ವಾ ಅನ್ನೋ ಜಗಳಕ್ಕೆ ನಾನಿಲ್ಲಿ ಕೈ ಹಾಕಲ್ಲ, ಅದು ಬೇರೆ ಎಪಿಸೋಡಿನ ತಲೆನೋವು. ಆದ್ರೆ ಒಂದಂತೂ ಕಾಣುತ್ತೆ: ಬಾಗಿಲು ಮುಚ್ಚಿದ್ದಕ್ಕೇ ಒಳಗಿದ್ದವರು ಎಲ್ಲ ಥರದ ಅಡುಗೇನೂ ತಾವೇ ಮಾಡಬೇಕಾಯ್ತು. ಪೌರಾಣಿಕ, ಐತಿಹಾಸಿಕ, ಸಾಂಸಾರಿಕದ ಜೊತೆಗೆ ಪತ್ತೇದಾರಿ, ಕೌಬಾಯ್ ಕೂಡ.

ಮಂಡ್ಯ ಜಿಲ್ಲೆಯ ಪಾಂಡವಪುರ ಉಪವಿಭಾಗ ಅಂದ್ರೆ ಶ್ರೀರಂಗಪಟ್ಟಣ, ಪಾಂಡವಪುರ, ಕೆ.ಆರ್. ಪೇಟೆ, ನಾಗಮಂಗಲ, ಈ ನಾಲ್ಕು ತಾಲ್ಲೂಕು. ಈ ಕಥೆ ಹುಡುಕ್ಕೊಂಡು ನಾನು ರೆಕಾರ್ಡರ್ ಹಿಡಿದು ಸುತ್ತಿದ್ದು ಇಲ್ಲೇ. ಹಂಚಿಕೆದಾರರ ಲೆಕ್ಕದಲ್ಲಿ ಇದೆಲ್ಲ ‘ಎಂಎಂಸಿಎಚ್’ ಏರಿಯಾ: ಮೈಸೂರು, ಮಂಡ್ಯ, ಕೊಡಗು, ಹಾಸನ. ಸಿನಿಮಾ ಮೊದಲು ಬೆಂಗಳೂರು, ಮೈಸೂರಲ್ಲಿ ಓಡಬೇಕು. ಆಮೇಲೆ ತಾಲ್ಲೂಕು ಕೇಂದ್ರಗಳಿಗೆ. ಹೋಬಳಿಯ ಟೆಂಟಿಗೆ ಬರೋ ಹೊತ್ತಿಗೆ ರೀಲಿನ ಮೇಲೆ ಗೀರು ಬಿದ್ದು, ಹರಿದು, ಅಂಟಿಸಿ, ಫೈಟಿನ ಮಧ್ಯೆ ಅರ್ಧ ನಿಮಿಷ ಮಾಯ.

ಟೆಂಟು ಅಂದ್ರೆ ಏನು ಅಂತ ನಿಮ್ಮಲ್ಲಿ ಬಹಳ ಜನ ನೋಡಿರಲ್ಲ. ಸುತ್ತ ತಡಿಕೆಯೋ ತಗಡೋ, ಮೇಲೆ ಗುಡಾರದ ಬಟ್ಟೆ. ಬಟ್ಟೆಯಲ್ಲಿ ಬೆಳಕು ತೂರೋದ್ರಿಂದ ಹಗಲಲ್ಲಿ ಆಟ ಇಲ್ಲ. ಫಸ್ಟ್ ಶೋ, ಸೆಕೆಂಡ್ ಶೋ, ಅಷ್ಟೇ. ನೆಲ, ಬೆಂಚು, ಕುರ್ಚಿ ಅಂತ ಮೂರು ದರ್ಜೆ. ಹೆಂಗಸರಿಗೆ ಬೇರೆ ಕಡೆ. ಸಂಜೆ ಮೈಕಲ್ಲಿ ಘಂಟಸಾಲ ಹಾಡಿದ ವೆಂಕಟೇಶ್ವರನ ಹಾಡು ಕೇಳಿಸಿತು ಅಂದ್ರೆ ಟಿಕೆಟ್ ಕೊಡೋಕೆ ಶುರು ಅಂತ ಅರ್ಥ. ಗಡಿಯಾರ ಇಲ್ಲದ ಮನೆಗಳಲ್ಲಿ ಅದೇ ಗಡಿಯಾರ. ಪ್ರೊಜೆಕ್ಟರ್ ಒಂದೇ ಇದ್ದ ಕಡೆ ರೀಲು ಬದಲಾಯಿಸೋವಾಗೆಲ್ಲ ಲೈಟ್ ಹಾಕೋರು. ಕಡ್ಲೆಕಾಯಿ, ಸೋಡಾ ವ್ಯಾಪಾರ. ಹಗಲು ಗಾಡಿ ಮೇಲೆ ಪೋಸ್ಟರ್ ಕಟ್ಟಿ, ತಮಟೆ ಬಡಿದು, ಹ್ಯಾಂಡ್‌ಬಿಲ್ ಎಸೀತಾ ಊರೂರು ಸುತ್ತೋರು. ಹಿಂದೆ ಮಕ್ಕಳ ಓಟ.

ನಾನು ಮಾತಾಡಿಸಿದ ವಯಸ್ಸಾದವರಿಗೆ ಚಿತ್ರದ ಕಥೆ ಹೆಚ್ಚು ನೆನಪಿರಲಿಲ್ಲ. ನೆನಪಿದ್ದಿದ್ದು ಸಾಮಾನು. ಸೂಟ್‌ಕೇಸು, ಟೆಲಿಫೋನು, ಕಪ್ಪು ಕನ್ನಡಕ, ಗೋಡೆ ಸರಿದು ತೆರೆಯೋ ಬಾಗಿಲು. ಕರೆಂಟೇ ಇಲ್ಲದ ಹಳ್ಳಿಯಿಂದ ಎತ್ತಿನ ಗಾಡಿ ಕಟ್ಕೊಂಡು ಬಂದವರಿಗೆ ಅದೇ ವಿಜ್ಞಾನ ಪ್ರದರ್ಶನ. ಅದೂ ಯಾರ ಕೈಯಲ್ಲಿ? ನಮ್ಮ ಥರಾನೇ ಕನ್ನಡ ಮಾತಾಡೋ ರಾಜಣ್ಣನ ಕೈಯಲ್ಲಿ. ಒಳ್ಳೇ ವಿಮರ್ಶಕರು ‘ಇದು ಬಾಂಡ್‌ನ ಬಡ ನಕಲು’ ಅಂದಾಗ ತಪ್ಪಿಸಿಕೊಂಡಿದ್ದು ಇದನ್ನೇ ಅನ್ನಿಸುತ್ತೆ. ಅಸಲಿ ಬಾಂಡನ್ನ ನೆಲದ ಟಿಕೆಟ್‌ನವರು ನೋಡೇ ಇರಲಿಲ್ಲ. ಅವರಿಗೆ 999ನೇ ಅಸಲಿ.

ಓದೋ ಅಭ್ಯಾಸ ಇದ್ದವರಿಗೆ ಮಾತ್ರ ಇದು ಹೊಸದಲ್ಲ. ಎನ್. ನರಸಿಂಹಯ್ಯನವರ ಪತ್ತೇದಾರ ಪುರುಷೋತ್ತಮ ಅಷ್ಟು ಹೊತ್ತಿಗೆ ಮನೆ ಮಾತಾಗಿದ್ದ. ನಾಲ್ಕನೇ ಕ್ಲಾಸ್ ಓದಿ ಐನೂರಕ್ಕೂ ಹೆಚ್ಚು ಕಾದಂಬರಿ ಬರೆದ ಮನುಷ್ಯ ಅವರು. ಇಟಲಿಯಲ್ಲೂ ಹೀಗೇ: 1929ರಿಂದ ಮೊಂಡಡೋರಿ ಅನ್ನೋ ಪ್ರಕಾಶಕರು ಹಳದಿ ರಟ್ಟಿನ ಪತ್ತೇದಾರಿ ಪುಸ್ತಕ ತಂದ್ರು. ಹಳದಿಗೆ ಅಲ್ಲಿ ‘ಜಾಲ್ಲೋ’ ಅಂತಾರೆ. ಮಾರಿಯೋ ಬಾವಾ, ಡಾರಿಯೋ ಅರ್ಜೆಂಟೋ ಮಾಡಿದ ಕೊಲೆಯ ಸಿನಿಮಾಗಳಿಗೂ ಅದೇ ಹೆಸರು ನಿಂತಿತು.

ಒಂದು ಜಾಡು ಸಾಕಷ್ಟು ತುಳಿದ ಮೇಲೆ ಅದನ್ನ ಗೇಲಿ ಮಾಡೋರು ಬರಲೇಬೇಕು. ಇಟಲಿಯಲ್ಲಿ ಫ್ರಾಂಕೊ ಮತ್ತು ಚಿಚ್ಚೊ ಅನ್ನೋ ಹಾಸ್ಯ ಜೋಡಿ 1965ರಲ್ಲೇ ‘ಗೋಲ್ಡ್‌ಫಿಂಗರ್’ ಅನ್ನ ‘ಗೋಲ್ಡ್‌ಜಿಂಜರ್’ ಮಾಡಿ ನಗಿಸಿದ್ರು. ನಮ್ಮಲ್ಲಿ ದ್ವಾರಕೀಶ್. 1972ರಲ್ಲಿ ‘ಕುಳ್ಳ ಏಜೆಂಟ್ 000’, ನಿರ್ದೇಶನ ಕೆ.ಎಸ್.ಎಲ್. ಸ್ವಾಮಿ. 1973ರಲ್ಲಿ ‘ಕೌಬಾಯ್ ಕುಳ್ಳ’. ಹುಣಸೂರಿನ ಹುಡುಗ ಕೌಬಾಯ್ ಟೋಪಿ ಹಾಕ್ಕೊಂಡ ಆ ಹೊತ್ತಲ್ಲೇ ಮೈಸೂರು ರಸ್ತೆಯ ರಾಮನಗರದ ಬಂಡೆಗಳ ಮಧ್ಯೆ ‘ಶೋಲೆ’ಯ ಸೆಟ್ ಏಳ್ತಾ ಇತ್ತು. ಠಾಕೂರ್ ಮನೆಯವರನ್ನ ಗಬ್ಬರ್ ಕೊಲ್ಲೋ ದೃಶ್ಯ ಇದ್ಯಲ್ಲ, ಅದರ ಮೂಲ ಲಿಯೋನೆಯ 1968ರ ‘ಒನ್ಸ್ ಅಪಾನ್ ಎ ಟೈಮ್ ಇನ್ ದಿ ವೆಸ್ಟ್’. ನಾಗಮಂಗಲದಿಂದಲೋ ಶ್ರೀರಂಗಪಟ್ಟಣದಿಂದಲೋ ಕಾರಲ್ಲಿ ಎರಡು ಗಂಟೆ ದೂರದಲ್ಲಿ ಇಟಲಿಯ ಕೌಬಾಯ್ ಬಂದು ಇಳಿದಿದ್ದ.

ಇನ್ನು ಮಲಾಯ್ ಹಿಡಿದ ಆ ಪೊಲೀಸ್ ಚಿತ್ರಗಳು. ಇಟಲಿಯಲ್ಲಿ ಅವು ಹುಟ್ಟಿದ್ದು ಸುಮ್ಮನೆ ಅಲ್ಲ. 1969ರಲ್ಲಿ ಮಿಲಾನ್‌ನ ಬ್ಯಾಂಕಲ್ಲಿ ಬಾಂಬ್, 1978ರಲ್ಲಿ ಮಾಜಿ ಪ್ರಧಾನಿ ಆಲ್ಡೊ ಮೊರೊ ಅಪಹರಣ, ಕೊಲೆ. ವ್ಯವಸ್ಥೆ ಕೊಳೆತಿದೆ ಅನ್ನೋ ಸಿಟ್ಟು ಆ ಚಿತ್ರಗಳಲ್ಲಿ ಪಿಸ್ತೂಲಾಗಿ ಬಂತು. ನಮ್ಮಲ್ಲಿ ಅಂಥದ್ದು ಬಂದಿದ್ದು 1981ರ ‘ಅಂತ’ದಲ್ಲಿ. ‘ಸುಧಾ’ದಲ್ಲಿ ಧಾರಾವಾಹಿಯಾಗಿ ಬಂದ ಎಚ್.ಕೆ. ಅನಂತರಾವ್ ಅವರ ಕಾದಂಬರಿ, ಮಂಡ್ಯ ಜಿಲ್ಲೆಯ ದೊಡ್ಡರಸಿನಕೆರೆಯ ಅಂಬರೀಶ್, ನಿರ್ದೇಶನ ರಾಜೇಂದ್ರಸಿಂಗ್ ಬಾಬು. ದೊಡ್ಡ ವಿವಾದ ಆಯ್ತು. ಬಾಬು ಅವರ ತಂದೆ ಡಿ. ಶಂಕರ್‌ಸಿಂಗ್, ಮೈಸೂರಿನ ಮಹಾತ್ಮ ಪಿಕ್ಚರ್ಸ್‌ನವರು. 1951ರ ‘ಜಗನ್ಮೋಹಿನಿ’ ಮಾಡಿದವರು. ಅವರ ಪಾಲುದಾರ ಬಿ. ವಿಠಲಾಚಾರ್ಯ, ಮುಂದೆ ತೆಲುಗಲ್ಲಿ ದೆವ್ವ–ಮಾಂತ್ರಿಕರ ಚಿತ್ರಗಳಿಗೆ ಹೆಸರಾದವರು, ಸಿನಿಮಾಗೆ ಬರೋ ಮುಂಚೆ ಹಾಸನ ಜಿಲ್ಲೆಯಲ್ಲಿ ಟೂರಿಂಗ್ ಟಾಕೀಸ್ ನಡೆಸ್ತಿದ್ರು. ಅಂದ್ರೆ ಕೆ.ಆರ್. ಪೇಟೆ ಗಡಿ ದಾಟಿದ್ರೆ ಸಿಗೋ ಜಿಲ್ಲೆ. ಜನಕ್ಕೆ ಏನು ಬೇಕು ಅನ್ನೋದನ್ನ ಆಚಾರ್ಯರು ಕಲಿತಿದ್ದು ಟೆಂಟಿನ ಟಿಕೆಟ್ ಕಿಂಡಿಯಲ್ಲೇ ಇರಬೇಕು.

ಇವೆಲ್ಲ ಮಹಾನ್ ಚಿತ್ರಗಳಾ? ಅಲ್ಲ, ಸುಳ್ಳು ಯಾಕೆ ಹೇಳ್ಲಿ. 999ರ ಸರಣಿಯಲ್ಲಿ ಹಾಡು ಬಂದ ತಕ್ಷಣ ಗೂಢಚರ್ಯೆ ಮರೆತುಹೋಗುತ್ತೆ. ಕ್ಯಾಬರೆ ಕುಣಿಯೋ ಹೆಣ್ಣು ಕೆಟ್ಟವಳು ಅನ್ನೋ ಲೆಕ್ಕ ಎಲ್ಲ ಕಡೆ. ಖಳನ ಅಡ್ಡೆಯ ಯಂತ್ರಗಳು ರಟ್ಟಿನವು ಅಂತ ಮಗುವಿಗೂ ಗೊತ್ತಾಗುತ್ತೆ. ಹತ್ತು ವರ್ಷ ಬಿಟ್ಟು, 1978ರಲ್ಲಿ ಬಂದ ‘ಆಪರೇಷನ್ ಡೈಮಂಡ್ ರಾಕೆಟ್’ ನಾಲ್ಕರಲ್ಲಿ ಜೋರಾಗಿದೆ. ಬಣ್ಣ, ನೇಪಾಳದಲ್ಲಿ ಶೂಟಿಂಗ್, ರಾಜ್‌ಕುಮಾರ್ ಇಂಗ್ಲಿಷಲ್ಲಿ ಹಾಡಿದ ಆ ಹಾಡು. ನಿಮ್ಮ ರೀಲ್ಸ್‌ನಲ್ಲಿ ಅದು ಆಗಾಗ ಬರುತ್ತೆ. ಅದರ ಹಿಂದೆ ಮೂರು ಚಿತ್ರ ಇದೆ ಅನ್ನೋದು ಅದನ್ನ ಶೇರ್ ಮಾಡೋರಿಗೆ ಗೊತ್ತಿದ್ಯೋ ಇಲ್ವೋ.

ದೊರೈ–ಭಗವಾನ್ ಅಂದ್ರೆ ನಾವು ನೆನೆಯೋದು ‘ಕಸ್ತೂರಿ ನಿವಾಸ’, ‘ಎರಡು ಕನಸು’. ‘ಕಸ್ತೂರಿ ನಿವಾಸ’ಕ್ಕೆ 2014ರಲ್ಲಿ ಬಣ್ಣ ಹಚ್ಚಿ ಮತ್ತೆ ಬಿಡುಗಡೆ ಮಾಡಿದ್ರು. 999ಕ್ಕೆ ಆ ಭಾಗ್ಯ ಬಂದಿಲ್ಲ. ಇತಿಹಾಸ ಬರೆಯೋರು 1970ರ ‘ಸಂಸ್ಕಾರ’ದಿಂದ ಉಸಿರು ಎಳ್ಕೊಂಡು ‘ವಂಶವೃಕ್ಷ’, ‘ಕಾಡು’, ‘ಚೋಮನ ದುಡಿ’ ಅಂತ ಮುಂದೆ ಹೋಗ್ತಾರೆ. ನನಗೂ ಅವು ಪ್ರಾಣ. ಆದ್ರೆ ಆ ಚಿತ್ರಗಳು ನಾನು ಸುತ್ತಿದ ಟೆಂಟುಗಳ ಊರಲ್ಲಿ ಎಷ್ಟು ರಾತ್ರಿ ಓಡಿದ್ವು ಅಂತ ಕೇಳಿದ್ರೆ ಹಿರಿಯರು ನಗ್ತಾರೆ.

ಸಿನಿಮಾ ಉಳಿಯೋದಕ್ಕೆ ಮೊದಲು ಯಾರಾದ್ರೂ ಅದು ಉಳೀಬೇಕು ಅಂದ್ಕೋಬೇಕು. ಪುಣೆಯ ಫಿಲ್ಮ್ ಆರ್ಕೈವ್ ಶುರುವಾಗಿದ್ದೇ 1964ರಲ್ಲಿ. ಅದಕ್ಕೂ ಮುಂಚಿನದ್ದು ಎಷ್ಟೋ ಹೋಗಿದೆ. ಕನ್ನಡದ ಮೊದಲ ಟಾಕಿ, 1934ರ ‘ಸತಿ ಸುಲೋಚನ’ದ ಪ್ರಿಂಟೇ ಇಲ್ಲ. ಕಪ್ಪು ಬಿಳುಪಿನ ಫಿಲ್ಮಲ್ಲಿ ಬೆಳ್ಳಿ ಇರುತ್ತೆ. ಓಡಿ ಸವೆದ ಪ್ರಿಂಟುಗಳನ್ನ ತೂಕಕ್ಕೆ ಮಾರಿ, ತೊಳೆದು ಬೆಳ್ಳಿ ತೆಗೆದು, ಉಳಿದ ಪ್ಲಾಸ್ಟಿಕ್ಕಲ್ಲಿ ಬಳೆ ಮಾಡ್ತಿದ್ರು. ಯಾವ ಅಜ್ಜಿಯ ಕೈಯಲ್ಲಿ ಯಾವ ಸಿನಿಮಾ ಇತ್ತೋ.

ಅದಕ್ಕಿಂತ ಬೇಗ ಹೋಗ್ತಾ ಇರೋದು ಜನ. ಜಯಂತಿ 2021ರಲ್ಲಿ ತೀರಿಕೊಂಡ್ರು. ಎಸ್.ಕೆ. ಭಗವಾನ್ 2023ರ ಫೆಬ್ರವರಿಯಲ್ಲಿ. ದ್ವಾರಕೀಶ್ 2024ರ ಏಪ್ರಿಲಲ್ಲಿ. ಟಿವಿಯವರು, ಪತ್ರಿಕೆಯವರು ಇವರನ್ನ ಮಾತಾಡಿಸಿದ್ದಾರೆ, ನಿಜ. ಆದ್ರೆ ಮಲಾಯ್ ಮಾಡಿದ ಹಾಗೆ ಈ ಒಂದು ಜಾಡನ್ನೇ ಹಿಡಿದು, ಫೈಟ್ ಮಾಸ್ಟರ್‌ನಿಂದ ಹಿಡಿದು ಎಲ್ಲರನ್ನೂ ಕೂರಿಸಿ ಕೇಳಿದ್ದು ನನ್ನ ಕಣ್ಣಿಗೆ ಬಿದ್ದಿಲ್ಲ. ಟೆಂಟಿನ ಆಪರೇಟರು, ಗೇಟ್‌ಕೀಪರು, ಗಾಡಿ ಮೇಲೆ ಮೈಕ್ ಹಿಡೀತಿದ್ದವರನ್ನಂತೂ ಯಾರೂ ಕೇಳಿಲ್ಲ.

ಹಾಗಂತ ಈ ನಾಲ್ಕು ತಾಲ್ಲೂಕಿಗೆ ಕೂಡಿಡೋ ಕೆಲಸ ಹೊಸದೇನಲ್ಲ. ನಾಗಮಂಗಲ ತಾಲ್ಲೂಕಿನ ಎಚ್.ಎಲ್. ನಾಗೇಗೌಡರು ಸರ್ಕಾರಿ ಅಧಿಕಾರಿಯಾಗಿದ್ದುಕೊಂಡೇ ಹಳ್ಳಿಯ ಹಾಡು ಕತೆ ಕೂಡಿಹಾಕಿದವರು. ಆಮೇಲೆ ರಾಮನಗರದ ಹತ್ತಿರ ಜಾನಪದ ಲೋಕ ಕಟ್ಟಿದವರು. ರಾಗಿ ಬೀಸೋ ಪದವನ್ನ ಒಂದು ಕಾಲದಲ್ಲಿ ಓದಿದವರು ‘ಇದೇನು ಸಾಹಿತ್ಯವಾ’ ಅಂತಿದ್ರು. ಅವರು ಕೇಳಿಸ್ಕೊಂಡ್ರು, ಬರೆಸಿದ್ರು, ಧ್ವನಿ ಹಿಡಿದ್ರು. ಟೆಂಟಿನ ಕಥೆಯನ್ನ ಹಾಗೆ ಹಿಡಿಯೋಕೆ ಈಗ ದೊಡ್ಡ ಟೇಪ್ ರೆಕಾರ್ಡರೂ ಬೇಡ. ನೀವು ಇದನ್ನ ಕೇಳ್ತಾ ಇರೋ ಫೋನ್ ಸಾಕು.

ನಿಮ್ಮೂರು ಈ ಕಡೆ ಆದ್ರೆ, ಹಬ್ಬಕ್ಕೆ ಹೋದಾಗ ಮನೆಯ ಹಿರಿಯರನ್ನ ಕೂರಿಸಿಕೊಂಡು ಕೇಳಿ. ಟೆಂಟ್ ಇದ್ದಿದ್ದು ಎಲ್ಲಿ, ಸಂತೆ ಮಾಳದಲ್ಲಾ, ಕೆರೆ ಏರಿ ಪಕ್ಕವಾ? ಈಗ ಆ ಜಾಗದಲ್ಲಿ ಏನಿದೆ? ನೆಲಕ್ಕೆ ಎಷ್ಟು, ಬೆಂಚಿಗೆ ಎಷ್ಟು ಕಾಸು? ಆಪರೇಟರ್ ಯಾವ ಊರಿನವರು? ಮಳೆ ಬಂದ್ರೆ ದುಡ್ಡು ವಾಪಸ್ ಕೊಡ್ತಿದ್ರಾ? ವೈರಮುಡಿ ಜಾತ್ರೆ ದಿನ, ಕಬ್ಬಿನ ದುಡ್ಡು ಕೈಗೆ ಬಂದ ವಾರ ಯಾವ ಚಿತ್ರ ಹಾಕೋರು? ಹೆಂಗಸರು ಯಾವ ಸಿನಿಮಾಗೆ ಹೋಗೋಕೆ ಬಿಡ್ತಿದ್ರು, ಯಾವುದಕ್ಕೆ ಕದ್ದು ಹೋಗ್ತಿದ್ರು? ಅಜ್ಜಿಯರಿಂದ ನನಗೆ ಸಿಕ್ಕ ಅತಿ ಒಳ್ಳೇ ಉತ್ತರಗಳೆಲ್ಲ ಈ ಕೊನೇ ಪ್ರಶ್ನೆಗೇ.

ಉತ್ತರ ಸಿಕ್ಕಿದ್ರೆ ವಾಯ್ಸ್ ನೋಟ್ ಕಳಿಸಿ. ಕೆ.ಆರ್. ಪೇಟೆ ಕಡೆಯ ಕೆಲವು ಧ್ವನಿಗಳು ಈಗಾಗಲೇ ನನ್ನ ಹತ್ತಿರ ಇವೆ. ಮುಂದಿನ ಎಪಿಸೋಡಲ್ಲಿ ಅವನ್ನೇ ಕೇಳಿಸ್ತೀನಿ.